ಗುಜರಿ ಅಂಗಡಿ ಲೆಕ್ಕ: ಆಯೋ ಕೈಗೆ ಯಾವ ಹೆಡ್?

1/8

ಫೋಟೋದಲ್ಲಿ ಇರೋದು ನಮ್ಮ ಚಿಕ್ಕಪ್ಪನ ಗುಜರಿ ಅಂಗಡಿ. ಹಿಂದೆ ಕಾಣ್ತಿರೋ ಗುಡ್ಡ ಪೆಟ್ ಬಾಟಲಿದು, ಪಕ್ಕದ್ದು ರಟ್ಟು. ಮುಂದೆ ಕೂತು ಆಯ್ತಾ ಇರೋ ಮೂರು ಜನ ಅಕ್ಕಂದಿರ ಮುಖ ಬರದ ಹಾಗೆ ಕೈ ಮಾತ್ರ ತೆಗೆದಿದೀನಿ. ಅವರೇ ಹಾಗೆ ಹೇಳಿದ್ರು.

ಹೋದ ತಿಂಗಳು ಚಿಕ್ಕಪ್ಪ ಒಂದು ಉದ್ದದ ಲೆಕ್ಕದ ಪುಸ್ತಕ ತಂದು ನನ್ನ ಮುಂದೆ ಇಟ್ರು. "ಬಿಕಾಂ ಓದ್ತೀಯಲ್ಲಮ್ಮ, ಇದನ್ನ ಸ್ವಲ್ಪ ನೋಡು. ತಗೊಳ್ಳೋ ರೇಟಿಗೂ ಮಾರೋ ರೇಟಿಗೂ ಒಳ್ಳೆ ಅಂತರ ಇದೆ. ಆದ್ರೆ ತಿಂಗಳ ಕೊನೆಗೆ ಕೈಯಲ್ಲಿ ಏನೂ ಉಳಿಯಲ್ಲ. ಆಯೋರಲ್ಲಿ ಒಬ್ಬರನ್ನ ಬಿಡಿಸಬೇಕು ಅನ್ಸತ್ತೆ."

ಆ ಕೊನೆ ಮಾತು ನನ್ನ ತಲೇಲಿ ಉಳ್ಕೊಂಡ್ತು. ಅದಕ್ಕೇ ಈ ಸೀರೀಸ್. ನಾನು ಹೇಳೋಕೆ ಹೊರಟಿರೋದು ಇಷ್ಟೇ: ಕಸದ ವ್ಯಾಪಾರದಲ್ಲಿ ಆಯೋ ಕೂಲಿ "ಇತರೆ ಖರ್ಚು" ಅಲ್ಲ. ಅದು ಮಾಲಿನ ಅಸಲು. ಅದನ್ನ ತಪ್ಪು ಸಾಲಿನಲ್ಲಿ ಬರೆದ್ರೆ ಕೆಲಸ ಕಳ್ಕೊಳ್ಳೋದು ತಪ್ಪಾದ ಜನ.

ಬಿಕಾಂ ಅಲ್ಲದವರೂ ಓದಿ, ಭಯ ಬೀಳ್ಬೇಡಿ. ಕೂಡೋದು ಕಳೆಯೋದು ಬಿಟ್ರೆ ಏನೂ ಇಲ್ಲ.

2/8

ಮೊದಲು ಎರಡು ಪದ.

ಕಾಸ್ಟ್ ಆಫ್ ಗೂಡ್ಸ್ ಸೋಲ್ಡ್ ಅಂದ್ರೆ ಮಾರಿದ ಮಾಲಿನ ಅಸಲು. ಆಪರೇಟಿಂಗ್ ಕಾಸ್ಟ್ ಅಂದ್ರೆ ಅಂಗಡಿ ನಡೆಸೋ ಖರ್ಚು. ಒಂದು ಇಡ್ಲಿ ಹೋಟೆಲ್ ತಗೊಳ್ಳಿ. ಅಕ್ಕಿ, ಉದ್ದು, ಗ್ಯಾಸು, ಒಲೆ ಮುಂದೆ ನಿಂತ ಭಟ್ಟರ ಸಂಬಳ, ಇವೆಲ್ಲ ಇಡ್ಲಿಯ ಅಸಲು. ಅಂಗಡಿ ಬಾಡಿಗೆ, ಬೋರ್ಡಿನ ಲೈಟು, ಲೆಕ್ಕ ಬರೆಯೋರ ಸಂಬಳ, ಇವು ನಡೆಸೋ ಖರ್ಚು. ಯಾರೂ ಅಕ್ಕಿ ಮತ್ತೆ ಉದ್ದಿನ ಬೇಳೆ ತಿನ್ನೋಕೆ ಹೋಟೆಲಿಗೆ ಬರಲ್ಲ. ಅಕ್ಕಿಯನ್ನ ಇಡ್ಲಿ ಮಾಡಿದ ಕೈಗೂ ಸೇರಿಸಿ ದುಡ್ಡು ಕೊಡ್ತಾರೆ.

ಇದನ್ನ ನಾನೇ ಕಟ್ಟಿ ಹೇಳ್ತಿಲ್ಲ. ನಮಗೆ ಪಾಠ ಇರೋ ಎಎಸ್ 2, ಅಂದ್ರೆ ದಾಸ್ತಾನಿನ ಲೆಕ್ಕದ ಸ್ಟ್ಯಾಂಡರ್ಡ್, ಹೇಳೋದೂ ಇದನ್ನೇ. ಕೊಂಡ ಬೆಲೆ, ಜೊತೆಗೆ ಮಾಲನ್ನ ಈಗಿನ ಜಾಗಕ್ಕೆ, ಈಗಿನ ಸ್ಥಿತಿಗೆ ತರೋಕೆ ಆದ ಖರ್ಚು, ಇವೆಲ್ಲ ಸೇರಿ ಅದರ ಅಸಲು.

"ಈಗಿನ ಸ್ಥಿತಿಗೆ." ಈ ಎರಡು ಪದ ನೆನಪಿಟ್ಕೊಳ್ಳಿ. ಗುಜರಿ ಅಂಗಡಿಗೆ ಬರೋದು ಒಂದು ಮೂಟೆ ಕಲಸುಮೇಲೋಗರ: ಹಾಲಿನ ಕವರು, ಶಾಂಪೂ ಡಬ್ಬ, ರಟ್ಟು, ಚಿಪ್ಸ್ ಪ್ಯಾಕೆಟ್ಟು, ಒಂಟಿ ಚಪ್ಪಲಿ. ಹೊರಗೆ ಹೋಗೋದು ಪೆಟ್ ಬೇರೆ, ಹಾಲಿನ ಕವರ್ ಬೇರೆ, ರದ್ದಿ ಬೇರೆ. ಪ್ಲಾಸ್ಟಿಕ್ ನಾಯಂಡಹಳ್ಳಿ ಕಡೆಗೆ, ರದ್ದಿ ಜಾಲಿ ಮೊಹಲ್ಲಾ ಕಡೆಗೆ. ನಡುವೆ ಆಗಿದ್ದು ಏನು? ಆಯ್ದಿದ್ದು. ಪೆಟ್ ಬಾಟಲಿಯ ಮುಚ್ಚಳ ಬೇರೆ ಜಾತಿ ಪ್ಲಾಸ್ಟಿಕ್ ಅಂತ ಗೊತ್ತಿದ್ದು ಅದನ್ನ ತಿರುಗಿಸಿ ತೆಗೆಯೋ ಕೈ. ಕವರನ್ನ ಹಿಸುಕಿ ಸದ್ದಲ್ಲೇ ಇದು ಯಾವುದು ಅಂತ ಹೇಳೋ ಕಿವಿ.

ನನ್ನ ಪ್ರಕಾರ ಆ ಅಕ್ಕ ನಮ್ಮ ಅಂಗಡಿಯ ಭಟ್ಟರು.

3/8

ಈಗ ಲೆಕ್ಕ. ಚಿಕ್ಕಪ್ಪನ ನಿಜವಾದ ಅಂಕಿ ಇಲ್ಲಿ ಹಾಕಲ್ಲ, ಅರ್ಥ ಆಗ್ಲಿ ಅಂತ ದುಂಡು ಅಂಕಿ ಇಟ್ಕೊಂಡಿದೀನಿ.

1,000 ಕೆಜಿ ಒಣ ಕಸ, ಕೆಜಿಗೆ 8 ರೂಪಾಯಿ. ಖರೀದಿ 8,000.
ಅದರಲ್ಲಿ 200 ಕೆಜಿ ಯಾವುದಕ್ಕೂ ಬಾರದ್ದು, ರಿಜೆಕ್ಟ್. ಮಾರೋಕೆ ಉಳಿದಿದ್ದು 800 ಕೆಜಿ.
ಸರಾಸರಿ 18 ರೂಪಾಯಿಗೆ ಮಾರಿದ್ರೆ 14,400.

ಚಿಕ್ಕಪ್ಪ ಬರೆಯೋ ರೀತಿ:
ಮಾರಾಟ 14,400
ಮಾಲಿನ ಅಸಲು 8,000
ಗ್ರಾಸ್ ಪ್ರಾಫಿಟ್ 6,400

ಆಮೇಲೆ ಕೆಳಗಡೆ ಖರ್ಚು:
ಆಯೋ ಕೂಲಿ 3,000
ಮಾಲು ತಂದ ಗಾಡಿ ಬಾಡಿಗೆ 1,000
ರಿಜೆಕ್ಟ್ ಸಾಗಿಸೋಕೆ 400
ಅಂಗಡಿ ಬಾಡಿಗೆ, ಕರೆಂಟು, ಟೀ 2,000
ಒಟ್ಟು 6,400

ಉಳಿದಿದ್ದು ಸೊನ್ನೆ.

ಈ ಪುಸ್ತಕ ನೋಡಿದವರಿಗೆ ಏನನ್ಸತ್ತೆ? ಮೇಲ್ಗಡೆ ಎಲ್ಲಾ ಚೆನ್ನಾಗಿದೆ, ನೂರಕ್ಕೆ 44 ರೂಪಾಯಿ ಲಾಭ. ತಿನ್ನುತ್ತಾ ಇರೋದು ಕೆಳಗಿನ ಖರ್ಚು. ಆ ಪಟ್ಟೀಲಿ ದೊಡ್ಡದು ಯಾವುದು? ಕೂಲಿ. ಸರಿ, ಒಬ್ಬರನ್ನ ಬಿಡ್ಸಿ.

ಚಿಕ್ಕಪ್ಪ ಕೆಟ್ಟವರಲ್ಲ. ಅವರ ಪುಸ್ತಕ ಅವರಿಗೆ ಹಾಗೆ ಹೇಳಿಕೊಟ್ಟಿದೆ.

4/8

ಅದೇ ಅಂಕಿ, ನಾನು ಬರೆದ ರೀತಿ:

ಖರೀದಿ 8,000
ಗಾಡಿ 1,000
ಆಯೋ ಕೂಲಿ 3,000
ರಿಜೆಕ್ಟ್ ಸಾಗಣೆ 400
ಮಾಲಿನ ಅಸಲು 12,400

ಮಾರಾಟ 14,400, ಗ್ರಾಸ್ ಪ್ರಾಫಿಟ್ 2,000. ಬಾಡಿಗೆ ಇತ್ಯಾದಿ 2,000 ಕಳೆದ್ರೆ ಮತ್ತೆ ಸೊನ್ನೆ.

"ಹಾಗಾದ್ರೆ ಏನು ಬದಲಾಯ್ತು ಮಾರಾಯ್ತಿ?" ಅಂತ ಕೇಳ್ತೀರ. ಉತ್ತರ ಬದಲಾಗಿಲ್ಲ, ಮುಂದಿನ ಪ್ರಶ್ನೆ ಬದಲಾಯ್ತು. 12,400ನ 800ರಿಂದ ಭಾಗಿಸಿ. ಒಂದು ಕೆಜಿ ಒಳ್ಳೆ ಮಾಲಿನ ಅಸಲು 15 ರೂಪಾಯಿ 50 ಪೈಸೆ. ಚಿಕ್ಕಪ್ಪನ ತಲೇಲಿ ಇದ್ದಿದ್ದು 8 ರೂಪಾಯಿ. ಬರೀ ಖರೀದಿ ಬೆಲೆನೇ ರಿಜೆಕ್ಟ್ ಕಳೆದ ಮೇಲೆ ಕೆಜಿಗೆ 10 ಆಗಿರತ್ತೆ, 8 ಅಲ್ಲ.

ಈಗ ಎರಡು ದಾರಿ ನೋಡೋಣ.

ದಾರಿ ಒಂದು: ಒಬ್ಬ ಅಕ್ಕನನ್ನ ಬಿಡಿಸೋದು. ಕೂಲಿ 2,000ಕ್ಕೆ ಇಳೀತು. ಆದ್ರೆ ಇಬ್ಬರೇ ಅವಸರದಲ್ಲಿ ಆಯ್ದ ಮಾಲು ಕಲಬೆರಕೆ, ಕೊಳ್ಳೋರು ರೇಟ್ ಇಳಿಸ್ತಾರೆ. 18ರ ಬದಲು 16 ಅಂತಿಟ್ಕೊಳ್ಳಿ. ಮಾರಾಟ 12,800. ಅಸಲು 11,400. ಬಾಡಿಗೆ 2,000. ಕೊನೆಗೆ 600 ರೂಪಾಯಿ ನಷ್ಟ.

ದಾರಿ ಎರಡು: ಮೂರೂ ಜನ ಇರ್ಲಿ, ರಿಜೆಕ್ಟ್ 200ರಿಂದ 100 ಕೆಜಿಗೆ ಇಳೀಲಿ. ಮಾರೋಕೆ 900 ಕೆಜಿ, 16,200 ರೂಪಾಯಿ. ರಿಜೆಕ್ಟ್ ಸಾಗಣೆ 200 ಸಾಕು, ಅಸಲು 12,200. ಬಾಡಿಗೆ 2,000. ಕೊನೆಗೆ 2,000 ರೂಪಾಯಿ ಲಾಭ.

ಎರಡನೇ ದಾರಿ ಚಿಕ್ಕಪ್ಪನ ಪುಸ್ತಕದಲ್ಲಿ ಕಾಣ್ತಾನೇ ಇರಲಿಲ್ಲ.

5/8

ಕ್ಲಾಸಲ್ಲಿ ಇದನ್ನ ಹೇಳಿದಾಗ ಒಬ್ಬ ಫ್ರೆಂಡ್ ಎದ್ದ. "ಕಸ ಎತ್ತೋದು ಸರ್ವೀಸ್ ಕಣೇ. ಸರ್ವೀಸಿಗೆ ಎಲ್ಲಿಂದ ಕಾಸ್ಟ್ ಆಫ್ ಗೂಡ್ಸ್?"

ಅರ್ಧ ಸರಿ. ಮನೆಮನೆಗೆ ಬರೋ ಆಟೋ ಟಿಪ್ಪರ್ ಮಾಡೋದು ಸರ್ವೀಸೇ. ಅಲ್ಲಿ ಡ್ರೈವರ್ ಸಂಬಳ, ಡೀಸೆಲ್, ಟೈರು ಇವೇ ನೇರ ಖರ್ಚು, ಮಾರೋಕೆ ಮಾಲಿಲ್ಲ. ಆದ್ರೆ ಆಯ್ದು ಮಾರೋನು ಮಾಲೇ ಮಾರ್ತಾನೆ. ಕಸದ ಉದ್ಯಮ ಅಂತ ಒಂದೇ ಹೆಸರಲ್ಲಿ ಕರೆಯೋದ್ರೊಳಗೆ ಎರಡು ಬೇರೆ ಕಸುಬು ಇದೆ.

ದೊಡ್ಡ ಕಂಪನಿಗಳು ಏನು ಮಾಡ್ತವೆ ಅಂತ ನೋಡಿದೆ. ಅಮೆರಿಕದ ಹ್ಯೂಸ್ಟನ್ನಿನ ವೇಸ್ಟ್ ಮ್ಯಾನೇಜ್‌ಮೆಂಟ್ ಕಂಪನಿಯ ವಾರ್ಷಿಕ ವರದೀಲಿ ಆಪರೇಟಿಂಗ್ ಖರ್ಚಿನ ದೊಡ್ಡ ಪಟ್ಟಿ ಇರತ್ತೆ: ಕೂಲಿ, ರಿಪೇರಿ, ಇಂಧನ, ಲ್ಯಾಂಡ್‌ಫಿಲ್ ಖರ್ಚು ಹೀಗೆ. ಕಾಸ್ಟ್ ಆಫ್ ಗೂಡ್ಸ್ ಸೋಲ್ಡ್ ಅನ್ನೋದು ಅದರೊಳಗೆ ಒಂದು ಸಾಲು ಮಾತ್ರ, ಮುಖ್ಯವಾಗಿ ಮರುಬಳಕೆ ಮಾಲು ಕೊಳ್ಳೋಕೆ ಕೊಟ್ಟ ದುಡ್ಡು. ಕೂಲಿಗೆ ಬೇರೆ ಸಾಲು. ನಮ್ಮ ಕಂಪನಿ ಕಾಯ್ದೆ 2013ರ ಶೆಡ್ಯೂಲ್ 3 ನಮೂನೇಲೂ ಹಾಗೇ. ಕೊಂಡ ಮಾಲು ಒಂದು ಸಾಲು, ನೌಕರರ ಖರ್ಚು ಇನ್ನೊಂದು ಸಾಲು. ಆಯೋರ ಕೂಲಿಯೂ ಆಫೀಸ್ ಮ್ಯಾನೇಜರ್ ಸಂಬಳವೂ ಒಂದೇ ಗಂಟಲ್ಲಿ ಹೋಗತ್ತೆ.

ಇದರಲ್ಲಿ ತಪ್ಪಿಲ್ಲ. ಅದು ಹೊರಗಿನವರಿಗೆ ತೋರಿಸೋ ಲೆಕ್ಕ. ನಾನು ಹೇಳ್ತಿರೋದು ಮಾಲೀಕ ರಾತ್ರಿ ಕೂತು ತನಗೋಸ್ಕರ ಮಾಡ್ಕೊಳ್ಳೋ ಲೆಕ್ಕದ ಬಗ್ಗೆ. ಅಲ್ಲಿ ಯಾವ ಕಾಯ್ದೆಯೂ ಕೈ ಹಿಡಿಯಲ್ಲ.

6/8

ಈಗ ನಮ್ಮ ನಿಮ್ಮ ವಿಷಯ. ಪ್ರೊಸೆಸ್ ಕಾಸ್ಟಿಂಗ್ ನೆನಪಿದ್ಯಾ? ನಾರ್ಮಲ್ ಲಾಸ್, ಅಬ್‌ನಾರ್ಮಲ್ ಲಾಸ್. ಎಷ್ಟು ಹುಷಾರಾಗಿದ್ರೂ ಆಗೋ ನಷ್ಟ ನಾರ್ಮಲ್, ಅದನ್ನ ಒಳ್ಳೆ ಮಾಲು ಹೊತ್ಕೊಳ್ಳತ್ತೆ. ತಪ್ಪಿಸಬಹುದಾಗಿದ್ದ ನಷ್ಟ ಅಬ್‌ನಾರ್ಮಲ್, ಅದನ್ನ ಮಾಲಿನ ಅಸಲಿಗೆ ಸೇರಿಸಬಾರದು, ಬೇರೆ ತೋರಿಸಬೇಕು.

ಮೇಲಿನ ಲೆಕ್ಕದಲ್ಲಿ 200 ಕೆಜಿಯನ್ನೂ ನಾರ್ಮಲ್ ಅಂತ ಹಾಕಿದ್ದೆ. ಒಂದು ಮಧ್ಯಾಹ್ನ ಅಕ್ಕಂದಿರ ಪಕ್ಕ ಕೂತು ರಿಜೆಕ್ಟ್ ಮೂಟೆ ಬಿಚ್ಚಿ ನೋಡಿದೆ. ಚಿಪ್ಸ್ ಪ್ಯಾಕೆಟ್ಟು, ಹಳೇ ಚಪ್ಪಲಿ ಇದ್ದವು, ಅವು ಹೇಗಿದ್ರೂ ಬರ್ತವೆ. ಆದ್ರೆ ಸಾಂಬಾರ್ ಚೆಲ್ಲಿದ ರಟ್ಟು? ಅರ್ಧ ಊಟ ಉಳಿದಿರೋ ಪಾರ್ಸೆಲ್ ಡಬ್ಬ? ಟೀ ಚರಟ ಮೆತ್ಕೊಂಡ ಪೇಪರ್? ಪೇಪರಲ್ಲಿ ಸುತ್ತದೇ ಎಸೆದ ಪ್ಯಾಡು? ಇವೆಲ್ಲ ಯಾರೋ ಅಡುಗೆಮನೇಲಿ ಹತ್ತು ಸೆಕೆಂಡ್ ಉಳಿಸಿದ ಗುರುತು. ಆ ಹತ್ತು ಸೆಕೆಂಡ್ ಇಲ್ಲಿ ಹತ್ತು ನಿಮಿಷ ಆಗತ್ತೆ, ಜೊತೆಗೆ ಕೈಗೆ ವಾಸನೆ.

ಕಲಬೆರಕೆಗೆ ಬೆಲೆ ಇದೆ ಅನ್ನೋದು ಜಗತ್ತಿಗೇ ಗೊತ್ತಾಗಿದ್ದು 2018ರಲ್ಲಿ. ಹೊರದೇಶದ ರದ್ದಿ ಪೇಪರ್ ಒಳಗೆ ಬರಬೇಕಾದ್ರೆ ಬೇರೆ ಕಸ 0.5%ಗಿಂತ ಜಾಸ್ತಿ ಇರಬಾರದು ಅಂತ ಚೀನಾ ಹೇಳ್ತು. ಅಲ್ಲಿವರೆಗೆ ಕಲಸಿದ ಕಸವನ್ನೇ ಹಡಗಿಗೆ ತುಂಬ್ತಿದ್ದ ಅಮೆರಿಕದ ಕಂಪನಿಗಳು ಬೆಲ್ಟ್ ನಿಧಾನ ಮಾಡಿ, ಆಯೋಕೆ ಜಾಸ್ತಿ ಜನ ಹಾಕಬೇಕಾಯ್ತು. ಅವರ ಅಸಲು ಏರಿತು. ಕಸ ಮೊದಲಿದ್ದ ಹಾಗೇ ಇತ್ತು, ಆಯೋ ಕೆಲಸದ ಬೆಲೆ ಮಾತ್ರ ಆಗ ಎಲ್ಲರ ಕಣ್ಣಿಗೆ ಬಿತ್ತು.

7/8

ರಿಜೆಕ್ಟ್ ಸಾಗಿಸೋಕೆ 400 ಅಂತ ಬರೆದೆನಲ್ಲ, ಅದು ಎಲ್ಲಿಗೆ ಹೋಗತ್ತೆ? ಸ್ವಲ್ಪ ಸಿಮೆಂಟ್ ಕಾರ್ಖಾನೆಗೆ ಉರಿಸೋಕೆ, ಉಳಿದಿದ್ದು ಊರಾಚೆಗೆ. ಬೆಂಗಳೂರಿನವರಿಗೆ ಮಾವಳ್ಳಿಪುರ, ಮಂಡೂರು ಹೆಸರು ಗೊತ್ತಿರಬೇಕು. 2012ರಲ್ಲಿ ಮಾವಳ್ಳಿಪುರಕ್ಕೆ ಕಸ ಹೋಗೋದು ನಿಂತು ನಗರದ ಬೀದೀಲೇ ರಾಶಿ ಬಿತ್ತು. 2014ರ ಕೊನೆಗೆ ಮಂಡೂರಿನವರ ಹೋರಾಟಕ್ಕೆ ಮಣಿದು ಅಲ್ಲೂ ನಿಂತಿತು. ಅಲ್ಲಿ ಹಾಳಾದ ನೀರಿನ ಖರ್ಚನ್ನ ಯಾರ ಪುಸ್ತಕದಲ್ಲೂ ಅಸಲು ಅಂತ ಬರೆದಿರಲಿಲ್ಲ. ಅದನ್ನ ಹಳ್ಳಿಯವರು ಹೊತ್ಕೊಂಡ್ರು.

ನಿಯಮದಲ್ಲಿ ಇದರ ಅರಿವು ಇದೆ. ಲ್ಯಾಂಡ್‌ಫಿಲ್ ಮುಚ್ಚಿದ ಮೇಲೂ ಕನಿಷ್ಠ 15 ವರ್ಷ ಅದನ್ನ ನೋಡ್ಕೋಬೇಕು ಅಂತ 2016ರ ಘನತ್ಯಾಜ್ಯ ನಿಯಮಗಳು ಹೇಳಿದ್ವು. ಅಂದ್ರೆ ಇವತ್ತು ಸುರಿದ ಒಂದು ಲೋಡಿನ ಅಸಲು ಇವತ್ತಿಗೆ ಮುಗಿಯಲ್ಲ.

ಇನ್ನೊಂದು. 2025ರ ಏಪ್ರಿಲ್‌ನಿಂದ ಬೆಂಗಳೂರಲ್ಲಿ ಆಸ್ತಿ ತೆರಿಗೆ ಜೊತೆ ಕಸದ ಶುಲ್ಕ ಶುರುವಾಯ್ತು. ಮನೆಗಳಿಗೆ ತಿಂಗಳಿಗೆ 10ರಿಂದ 400 ರೂಪಾಯಿ, ಕಟ್ಟಡದ ವಿಸ್ತೀರ್ಣ ನೋಡ್ಕೊಂಡು. ತುಂಬಾ ಜನ ಬೈದ್ರು. ನಾನು ಶುಲ್ಕದ ಪರ, ಖರ್ಚು ಇದ್ದ ಮೇಲೆ ಯಾರಾದ್ರೂ ಕೊಡಲೇಬೇಕು. ಆದ್ರೆ ಚದರಡಿ ಕಸದ ಅಸಲು ಹೇಳಲ್ಲ. ದೊಡ್ಡ ಮನೇಲಿ ಇದ್ದೂ ತೊಳೆದು ಒಣಗಿಸಿ ಬೇರೆ ಮಾಡಿ ಕೊಡೋ ಅಜ್ಜಿ ಖರ್ಚು ಕಮ್ಮಿ ಮಾಡ್ತಾರೆ. ಸಣ್ಣ ರೂಮಲ್ಲಿ ಇದ್ದೂ ಎಲ್ಲಾ ಒಂದೇ ಕವರಿಗೆ ತುಂಬೋ ನಾವು ಪಿಜಿ ಹುಡುಗ್ರು ಹುಡ್ಗೀರು ಖರ್ಚು ಹೆಚ್ಚು ಮಾಡ್ತೀವಿ. ಶುಲ್ಕ ನಿಗದಿ ಮಾಡೋರು ಕಲಬೆರಕೆಯನ್ನೂ ಅಳತೆಗೆ ತಗೋಬೇಕು ಅನ್ನೋದು ನನ್ನ ವಾದ.

8/8

ಕೊನೆಗೆ ಚಿಕ್ಕಪ್ಪ ಏನ್ ಮಾಡಿದ್ರು?

ಎರಡೂ ಲೆಕ್ಕ ಪಕ್ಕಪಕ್ಕ ಇಟ್ಟೆ. ತುಂಬಾ ಹೊತ್ತು ನೋಡಿದ್ರು. "ಹಂಗಾದ್ರೆ ಇಷ್ಟು ದಿನ ನಾನು ಎಂಟು ರೂಪಾಯಿ ಮಾಲು ಅಂದ್ಕೊಂಡು ಹದಿನೈದೂವರೆ ಮಾಲು ಮಾರ್ತಿದ್ನಾ?" ಅಂದ್ರು. ಸದ್ಯಕ್ಕೆ ಯಾರನ್ನೂ ಬಿಡಿಸಿಲ್ಲ. ಒದ್ದೆ ಮೂಟೆ ತಂದು ಕೊಡೋರಿಗೆ ರೇಟ್ ಕಮ್ಮಿ, ಒಣಗಿದ್ದಕ್ಕೆ ಒಂದು ರೂಪಾಯಿ ಜಾಸ್ತಿ ಅಂತ ಶುರು ಮಾಡಿದಾರೆ. ನಡೆಯತ್ತೋ ಇಲ್ವೋ ಇನ್ನೂ ಹೇಳೋಕಾಗಲ್ಲ.

ಖುಷಿಯಿಂದ ಹೋಗಿ ಅಕ್ಕಂದಿರಿಗೆ ಹೇಳಿದೆ, ನಿಮ್ಮ ಕೂಲಿನ ಮೇಲಿನ ಸಾಲಿಗೆ ತಂದೆ ಅಂತ. ಅದರಲ್ಲಿ ದೊಡ್ಡಕ್ಕ ನಕ್ಕು, "ಎಲ್ಲಿ ಬರ್ಕೊಂಡ್ರೇನವ್ವ, ಶನಿವಾರ ಕೈಗೆ ಬಂದ್ರೆ ಸಾಕು" ಅಂದ್ರು. ನನ್ನ ಹತ್ರ ಉತ್ತರ ಇರಲಿಲ್ಲ. ಸಾಲು ಬದಲಾಯಿಸಿದ್ದಕ್ಕೆ ಅವರ ಕೂಲಿ ಒಂದು ರೂಪಾಯಿನೂ ಏರಿಲ್ಲ. ಆ ಶನಿವಾರ ಮೂರು ಜನರ ಬದಲು ಇಬ್ಬರಿಗೇ ಆಗೋದು ತಪ್ಪಿದೆ, ಅಷ್ಟೇ. ಲಾಭ ಬಂದ್ರೆ ಮೊದಲು ಅವರ ಕೂಲಿ ಅಂತ ಚಿಕ್ಕಪ್ಪನ ಬಾಯಲ್ಲಿ ಹೇಳಿಸಿದೀನಿ. ಪುಸ್ತಕ ನನ್ನ ಕೈಲೇ ಇದೆ, ಮರೆಯೋಕೆ ಬಿಡಲ್ಲ.

ನಿಮ್ಮಿಂದ ಕೇಳೋದು ಸಣ್ಣದು. 2015ರಲ್ಲೇ ಹೈಕೋರ್ಟ್ ಬೆಂಗಳೂರಿಗೆ ಹೇಳಿದ ಎರಡು ಬುಟ್ಟಿ ಒಂದು ಚೀಲದ ಪದ್ಧತಿ ಇದೆಯಲ್ಲ, ಅದನ್ನ ನಿಮ್ಮ ಪಿಜಿಲಿ, ಹಾಸ್ಟೆಲಲ್ಲಿ, ಮನೇಲಿ ಶುರು ಮಾಡಿ. ಹಸಿ ಕಸಕ್ಕೆ ಹಸಿರು ಬುಟ್ಟಿ, ಪ್ಯಾಡು ಬ್ಯಾಂಡೇಜಿಗೆ ಕೆಂಪು ಬುಟ್ಟಿ, ಒಣ ಕಸಕ್ಕೆ ಚೀಲ. ಪಾರ್ಸೆಲ್ ಡಬ್ಬಕ್ಕೆ ಒಂದು ಲೋಟ ನೀರು ಹಾಕಿ ಕುಲುಕಿ ಚೆಲ್ಲಿ.

ಬಿಕಾಂ ಗ್ಯಾಂಗಿಗೆ ಒಂದು ಹೋಂವರ್ಕ್: ನಿಮ್ಮ ಮನೆಯವರ ಅಂಗಡಿ, ಹೋಟೆಲ್, ಗ್ಯಾರೇಜು ಏನಿದ್ಯೋ ಅದರ ಪುಸ್ತಕ ತೆಗೀರಿ. "ಇತರೆ ಖರ್ಚು" ಸಾಲಿನಲ್ಲಿ ಯಾರ ಕೈ ಅಡಗಿದೆ ನೋಡಿ. ಕಾಮೆಂಟಲ್ಲಿ ಹೇಳಿ, ಒಟ್ಟಿಗೆ ಲೆಕ್ಕ ಹಾಕೋಣ.

#ಗುಜರಿಲೆಕ್ಕ #ಬಿಕಾಂಡೈರಿ #ಕಸದಅಸಲು