ಹೊಲ ಬರೆಸಿಕೊಳ್ಳೋ ಮಗನೇ ಷರತ್ತು ಹಾಕಿಸಬೇಕು

ನಮ್ಮ ಮೇಲವಂಕಿ, ಗೋಕಾಕ, ಮೂಡಲಗಿ ಕಡೆ ಅಪ್ಪ ಬದುಕಿದ್ದಾಗಲೇ ಹೊಲ ಮಗನ ಹೆಸರಿಗೆ ಆಗೋದು ಈಗ ಸಾಮಾನ್ಯ. ಬೆಳೆಸಾಲ, ಡ್ರಿಪ್ ಸಬ್ಸಿಡಿ, ಎಫ್‌ಐಡಿ, ಎಲ್ಲದಕ್ಕೂ ಉತಾರದಾಗ ಹೆಸರು ಕೇಳ್ತಾರ. ಮನೆಯವರ ನಡುವಿನ ಬಕ್ಷೀಸ ಪತ್ರಕ್ಕೆ ಮುದ್ರಾಂಕ ಶುಲ್ಕವೂ ಕಡಿಮೆ. ಒಂದು ದಿನ ಸಬ್‌ರಿಜಿಸ್ಟ್ರಾರ್ ಕಚೇರಿಗೆ ಹೋಗಿ ಬಂದರೆ ಕೆಲಸ ಮುಗೀತು. ಆದರೆ ಆ ಪತ್ರದಾಗ ಏನು ಬರೆದಿದೆ ಅಂತ ಪೂರ್ತಿ ಓದೋರು ಎಷ್ಟು ಮಂದಿ?

ನನ್ನ ಅಭಿಪ್ರಾಯ ಇಷ್ಟು: ಹೊಲ ತಗೊಳ್ಳೋ ಮಗನೇ ಮುಂದಾಗಿ "ಅಪ್ಪ-ಅವ್ವನ್ನ ಕಡೀತನಕ ನೋಡಿಕೊಳ್ತೀನಿ" ಅನ್ನೋ ಷರತ್ತನ್ನ ಪತ್ರದಾಗ ಹಾಕಿಸಬೇಕು. ಅಪ್ಪ ಕೇಳಲಿ ಅಂತ ಕಾಯಬಾರದು. ಅಂವ ಕೇಳೋದಿಲ್ಲ. ಕೇಳಿದರೆ ಹೊಟ್ಟೀಲೆ ಹುಟ್ಟಿದ ಮಗನ ಮ್ಯಾಲ ನಂಬಿಕಿ ಇಲ್ಲ ಅಂದಂಗ ಆಗ್ತದ ಅಂತ ಸುಮ್ಮನಾಗ್ತಾನ.

ಈ ಒಂದು ಸಾಲು ಯಾಕ ಅಷ್ಟು ಮುಖ್ಯ? ಪಾಲಕರ ಮತ್ತು ಹಿರಿಯ ನಾಗರಿಕರ ಪೋಷಣೆ ಮತ್ತು ಕಲ್ಯಾಣ ಕಾಯ್ದೆ 2007ರಲ್ಲಿ 23ನೇ ಕಲಂ ಅಂತ ಇದೆ. 60 ವರ್ಷ ದಾಟಿದವರು ತಮ್ಮನ್ನು ನೋಡಿಕೊಳ್ಳಬೇಕು ಎಂಬ ಷರತ್ತಿನ ಮೇಲೆ ಆಸ್ತಿ ಕೊಟ್ಟು, ತಗೊಂಡವರು ನೋಡಿಕೊಳ್ಳದಿದ್ದರೆ, ಆ ವರ್ಗಾವಣೆಯನ್ನ ರದ್ದು ಮಾಡಿಸಬಹುದು. ಉಪವಿಭಾಗಾಧಿಕಾರಿಗಳೇ, ಅಂದರೆ ನಮ್ಮ ಎಸಿ ಸಾಹೇಬರೇ, ಇಲ್ಲಿ ನ್ಯಾಯಮಂಡಳಿ. ಆದರೆ "ಷರತ್ತಿನ ಮೇಲೆ" ಅನ್ನೋ ಮಾತಿನಾಗ ಎಲ್ಲಾ ಗಂಟು ಬಿದ್ದದ. ಹರಿಯಾಣದ ಒಬ್ಬ ತಾಯಿ ಹೆಣ್ಣುಮಕ್ಕಳಿಗೆ ಹಕ್ಕು ಬಿಟ್ಟು ಕೊಟ್ಟ ಪ್ರಕರಣದಲ್ಲಿ 2022ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು, ಷರತ್ತು ಇತ್ತು ಅಂತ ತೋರಿಸಲಾಗದಿದ್ದರೆ ಈ ಕಲಂ ಕೆಲಸಕ್ಕೆ ಬರೋದಿಲ್ಲ ಅಂತ. 2025ರ ಜನವರಿ 2ರಂದು ಮಧ್ಯಪ್ರದೇಶದ ಇನ್ನೊಬ್ಬ ತಾಯಿಯ ಪ್ರಕರಣದಲ್ಲಿ ಅದೇ ಕೋರ್ಟ್ ದಾನಪತ್ರ ರದ್ದು ಮಾಡಿ, ಆಸ್ತಿ ವಾಪಸ್ ಕೊಡಿಸಿತು. ಈ ಕಾಯ್ದೆಯನ್ನ ಹಿರಿಯರ ಪರವಾಗಿ ಉದಾರವಾಗಿ ಓದಬೇಕು ಅಂತನೂ ಹೇಳಿತು. ಆದರೆ ನೆನಪಿಡ್ರಿ, ಆ ತಾಯಿಯ ಕೈಯಾಗ ಮಗ ಬರೆದುಕೊಟ್ಟ ವಚನಪತ್ರ ಒಂದಿತ್ತು. ಎರಡೂ ಕಡೆ ತೂಕಕ್ಕೆ ಬಂದದ್ದು ಕಾಗದ.

ಇದೆಲ್ಲ ದೂರದ ಊರಿನ ಮಾತು ಅನ್ನಬ್ಯಾಡ್ರಿ. ನಮ್ಮ ಬೆಳಗಾವಿಯ ಬಿಮ್ಸ್ ಆಸ್ಪತ್ರೆಯೊಂದರಲ್ಲೇ ಮಕ್ಕಳು ಬಿಟ್ಟುಹೋದ ಹಿರಿಯರ ಪ್ರಕರಣ 150ಕ್ಕೂ ಹೆಚ್ಚು ಅಂತ ವೈದ್ಯಕೀಯ ಶಿಕ್ಷಣ ಸಚಿವ ಶರಣಪ್ರಕಾಶ ಪಾಟೀಲರು 2025ರ ಮಾರ್ಚ್‌ನಲ್ಲಿ ಹೇಳಿದರು. ಅಂಥ ಮಕ್ಕಳ ಮೇಲೆ ಇದೇ ಕಾಯ್ದೆಯಡಿ ದೂರು ಕೊಡ್ರಿ ಅಂತ ಅಧಿಕಾರಿಗಳಿಗೆ ಸೂಚನೆಯನ್ನೂ ಕೊಟ್ಟರು.

ಎಲ್ಲಾ ಮಕ್ಕಳೂ ಕೆಟ್ಟವರು ಅಂತ ನಾ ಹೇಳ್ತಿಲ್ಲ. ನಮ್ಮ ಕಡೆ ತೊಂದರೆ ಬರೋದು ಬಹಳ ಸಲ ರೊಕ್ಕದ ಲೆಕ್ಕದಿಂದ. ಕಬ್ಬಿನ ಬಿಲ್ಲು ಬರೋದು ವರ್ಷಕ್ಕೊಮ್ಮೆ, ಅದೂ ತಡ ಆಗಿ. ಅವ್ವನ ಬಿಪಿ ಗುಳಿಗಿ ಮಾತ್ರ ತಿಂಗಳಾ ತಿಂಗಳಾ ಬೇಕು. ಹೊಲ ಇದ್ದಾಗ ಅಪ್ಪ ಯಾರಿಗೂ ಕೈ ಚಾಚಿರಲಿಲ್ಲ, ಈಗ ನೂರು ರೂಪಾಯಿಗೂ ಸೊಸಿ ಮುಂದ ನಿಲ್ಲಬೇಕು. ಅದಕ್ಕ "ನೋಡಿಕೊಳ್ತೀನಿ" ಅನ್ನೋದನ್ನ ಬಿಡಿಸಿ ಬರೆಸ್ರಿ: ಇರೋಕೆ ಯಾವ ಕೋಲಿ, ಊಟ, ಔಷಧ, ತಿಂಗಳಿಗೆ ಕೈಖರ್ಚು ಎಷ್ಟು. ಸಾಧ್ಯ ಆದರ ಒಂದು ಎಕರೆಯ ಉತ್ಪನ್ನ ಅವರು ಇರೋತನಕ ಅವರಿಗೇ ಅಂತ ಹಾಕ್ರಿ. ಕೈಖರ್ಚನ್ನ ಅವರ ಬ್ಯಾಂಕ್ ಖಾತೆಗೇ ಫೋನ್‌ಪೇ ಮಾಡ್ರಿ. ನಾಳೆ ಅಣ್ಣನೋ ಅಳಿಯನೋ ಅಪ್ಪನ ಕಿವಿ ಊದಿ ಅರ್ಜಿ ಹಾಕಿಸಿದರೆ, ನಿಮ್ಮನ್ನ ಕಾಯೋದು ಆ ದಾಖಲೆನೇ.

ಇನ್ನೊಂದು ಮಾತು ಬಹಳ ಮಂದಿಗೆ ಗೊತ್ತಿಲ್ಲ. ಪಿಎಂ ಕಿಸಾನ್ ಸಿಗೋದು 2019ರ ಫೆಬ್ರವರಿ 1ಕ್ಕೆ ಯಾರ ಹೆಸರಿನಾಗ ಹೊಲ ಇತ್ತೋ ಅವರಿಗೆ. ಅದರ ನಂತರ ವಾರಸಾ ಆಗಿ ಬಂದ ಹೊಲಕ್ಕೆ ವಿನಾಯಿತಿ ಇದೆ, ಬಕ್ಷೀಸದಿಂದ ಬಂದದ್ದಕ್ಕೆ ಇಲ್ಲ. ಅಪ್ಪ ಇದ್ದಷ್ಟೂ ಹೊಲ ನಿಮಗೆ ಬರೆದರೆ ಅವರ ವರ್ಷದ 6,000 ರೂಪಾಯಿ ಹೋಗ್ತದ, ನಿಮಗೂ ಬರೋದಿಲ್ಲ. ಅವಸರ ಇಲ್ಲದಿದ್ದರೆ ಮೃತ್ಯುಪತ್ರ ಸಾಕು. ಅದನ್ನ ಅಪ್ಪ ಬೇಕಾದಾಗ ಬದಲಿಸಬಹುದು, ಉತಾರ ಅವರ ಹೆಸರಿನಾಗೇ ಇರ್ತದ. ಪಿತ್ರಾರ್ಜಿತ ಹೊಲ ಇದ್ದರೆ ಅಕ್ಕ-ತಂಗಿಯರ ಪಾಲು ಅದರಾಗ ಅದ ಅನ್ನೋದನ್ನೂ ಮರೀಬ್ಯಾಡ್ರಿ.

ಪತ್ರ ಈಗಾಗಲೇ ಆಗಿಹೋಗಿದ್ದರೆ? ಹೊಲ ತಗೊಂಡವರು ಈಗಲಾದರೂ ಜೀವನಾಂಶದ ಕರಾರುಪತ್ರ ಬರೆದು, ಸಾಧ್ಯ ಆದರ ನೋಂದಣಿ ಮಾಡಿಸಿ, ಅಪ್ಪ-ಅವ್ವನ ಕೈಯಾಗ ಕೊಡಬಹುದು. ಪತ್ರದಾಗ ಷರತ್ತು ಇಲ್ಲದಿದ್ದರೂ ಜೀವನಾಂಶ ಕೇಳೋ ಹಕ್ಕು ಹೋಗೋದಿಲ್ಲ. ಕಾಯ್ದೆ ಪ್ರಕಾರ ತಿಂಗಳಿಗೆ 10,000 ರೂಪಾಯಿತನಕ ಎಸಿ ಕೊಡಿಸಬಹುದು, ಅದಕ್ಕೆ ವಕೀಲರನ್ನ ಇಡಲೇಬೇಕಂತಿಲ್ಲ. ನಿಮ್ಮ ಓಣಿಯಾಗ ಅಂಥ ಹಿರಿಯರಿದ್ದರೆ ಹಿರಿಯರ ಸಹಾಯವಾಣಿ 14567 ಅವರ ಮೊಬೈಲಿನಾಗ ಸೇವ್ ಮಾಡಿಕೊಡ್ರಿ.