ಆರು ಶಿಲ್ಲಿಂಗ್ ಕೇಳಿದ್ದು ತಪ್ಪೇ?

"ಆಟ ಇರುವುದು ಖುಷಿಗಾಗಿ, ಅದಕ್ಕೂ ದುಡ್ಡು ಕೇಳುವುದೇ?" ಕ್ರೀಡೆಯ ಮಾತು ಬಂದಾಗ ಹಿರಿಯರು ಹೀಗೆ ಹೇಳುವುದನ್ನು ನಾವೆಲ್ಲ ಕೇಳಿದ್ದೇವೆ. ಮಾತು ಚೆನ್ನಾಗಿದೆ. ಆದರೆ ಆಡಲು ಹೋದರೆ ಆ ದಿನದ ಕೂಲಿಯೇ ತಪ್ಪುವವನಿಗೆ ಇದು ಹೇಗೆ ಕೇಳಿಸೀತು? ಇಂಗ್ಲೆಂಡಿನ ರಗ್ಬಿ ಲೀಗ್ ಆಟಗಾರ ಹೆರಾಲ್ಡ್ ವ್ಯಾಗ್‌ಸ್ಟಾಫ್ ಅವರ ಬಗ್ಗೆ ಓದಿದಾಗಿನಿಂದ ಈ ಪ್ರಶ್ನೆ ನನ್ನನ್ನು ಕಾಡುತ್ತಿದೆ.

ಮೊದಲು ಸ್ವಲ್ಪ ಹಿನ್ನೆಲೆ. 19ನೇ ಶತಮಾನದ ಕೊನೆಯಲ್ಲಿ ಉತ್ತರ ಇಂಗ್ಲೆಂಡಿನ ಗಿರಣಿ ಮತ್ತು ಗಣಿ ಕಾರ್ಮಿಕರು ರಗ್ಬಿಯಲ್ಲಿ ಬಹಳ ಮುಂದಿದ್ದರು. ಪಂದ್ಯಗಳು ಶನಿವಾರ ಮಧ್ಯಾಹ್ನ. ದೂರದ ಊರಿನಲ್ಲಿ ಆಟವಿದ್ದರೆ ಬೆಳಗಿನ ಕೆಲಸ ಬಿಟ್ಟೇ ಹೋಗಬೇಕು, ಕೂಲಿ ಕಳೆದುಕೊಳ್ಳಬೇಕು. ಆ ನಷ್ಟವನ್ನು ತುಂಬಿಕೊಡಲು ಅವಕಾಶ ಕೊಡಿ ಎಂದು 1893ರಲ್ಲಿ ಲಂಡನ್ನಿನ ಸಭೆಯಲ್ಲಿ ಕೇಳಿದರು. ಪರವಾಗಿ 136, ವಿರೋಧವಾಗಿ 282 ಮತ ಬಿದ್ದವು. ಕೊನೆಗೆ 1895ರ ಆಗಸ್ಟ್ 29ರಂದು ಹಡರ್ಸ್‌ಫೀಲ್ಡ್ ಪಟ್ಟಣದ ಜಾರ್ಜ್ ಹೋಟೆಲಿನಲ್ಲಿ ಸೇರಿದ ಉತ್ತರದ ಕ್ಲಬ್‌ಗಳು ಬೇರೆ ಸಂಘವನ್ನೇ ಕಟ್ಟಿದವು. ತಪ್ಪಿದ ಕೂಲಿಗೆ ದಿನಕ್ಕೆ 6 ಶಿಲ್ಲಿಂಗ್ ಎಂದು ನಿಗದಿಯಾಯಿತು. ಮುಂದೆ 1906ರಲ್ಲಿ ಈ ಸಂಘ ತಂಡದ ಆಟಗಾರರ ಸಂಖ್ಯೆಯನ್ನು 15ರಿಂದ 13ಕ್ಕೆ ಇಳಿಸಿತು. ಅದೇ ಇಂದಿನ ರಗ್ಬಿ ಲೀಗ್.

ವ್ಯಾಗ್‌ಸ್ಟಾಫ್ ಹುಟ್ಟಿದ್ದು 1891ರಲ್ಲಿ, ಹೋಮ್‌ಫರ್ತ್ ಎಂಬ ಸಣ್ಣ ಊರಿನಲ್ಲಿ. 1906ರಲ್ಲಿ, ನಮಗಿಂತಲೂ ಚಿಕ್ಕ ವಯಸ್ಸಿನಲ್ಲಿ, ಅಂದರೆ 15ಕ್ಕೇ, 5 ಚಿನ್ನದ ನಾಣ್ಯ ಪಡೆದು ಹಡರ್ಸ್‌ಫೀಲ್ಡ್ ಕ್ಲಬ್ ಸೇರಿದರು. 17ಕ್ಕೆ ಇಂಗ್ಲೆಂಡ್ ಪರ ಆಡಿದರು. ಅವರ ನಾಯಕತ್ವದಲ್ಲಿ ಹಡರ್ಸ್‌ಫೀಲ್ಡ್ ತಂಡ 1914-15ರಲ್ಲಿ ಆಡಿದ ನಾಲ್ಕೂ ಕಪ್‌ಗಳನ್ನು ಗೆದ್ದಿತು. ನಿವೃತ್ತಿಯ ನಂತರ ಬ್ರಾಟನ್ ರೇಂಜರ್ಸ್ ಮತ್ತು ಹ್ಯಾಲಿಫ್ಯಾಕ್ಸ್ ತಂಡಗಳಿಗೆ ತರಬೇತಿ ನೀಡಿದರು. 1939ರಲ್ಲಿ, 48ನೇ ವಯಸ್ಸಿನಲ್ಲಿ ತೀರಿಕೊಂಡರು.

ದುಡ್ಡು ಬಂದರೆ ಆಟದ ಮೇಲಿನ ಪ್ರೀತಿ ಹೋಗುತ್ತದೆ ಎನ್ನುವವರು 1914ರ ಜುಲೈ 4ರ ಸಿಡ್ನಿ ಪಂದ್ಯವನ್ನು ನೋಡಬೇಕು. ಎಂಟು ದಿನಗಳಲ್ಲಿ ಆಸ್ಟ್ರೇಲಿಯಾ ವಿರುದ್ಧ ಬ್ರಿಟನ್‌ಗೆ ಅದು ಮೂರನೇ ಟೆಸ್ಟ್. ಗಾಯಾಳುವಿನ ಬದಲು ಬೇರೊಬ್ಬನನ್ನು ಇಳಿಸುವ ನಿಯಮ ಆಗ ಇರಲಿಲ್ಲ. ಒಬ್ಬೊಬ್ಬರಾಗಿ ಗಾಯಗೊಂಡು ಬ್ರಿಟನ್ ತಂಡದಲ್ಲಿ ಉಳಿದದ್ದು 10 ಮಂದಿ. ಡಗ್ಲಸ್ ಕ್ಲಾರ್ಕ್ ಎಂಬವರು ಹೆಬ್ಬೆರಳು ಮುರಿದರೂ ಆಡಿದರು. ಕೊರಳಿನ ಮೂಳೆ ಮುರಿದ ಮೇಲೆಯೇ ಹೊರಗೆ ಹೋದದ್ದು. ಆದರೂ ವ್ಯಾಗ್‌ಸ್ಟಾಫ್ ಅವರ ತಂಡ 14-6ರಿಂದ ಗೆದ್ದಿತು. ಇವರೆಲ್ಲ ಆಟಕ್ಕೆ ಹಣ ಪಡೆಯುತ್ತಿದ್ದವರೇ!

ಇನ್ನೊಂದು ಸಂಗತಿ ನನಗೆ ಇದಕ್ಕಿಂತ ಮುಖ್ಯವೆನಿಸುತ್ತದೆ. ಹಣ ಪಡೆದವರನ್ನು ಹತ್ತಿರ ಸೇರಿಸದಿದ್ದ ಹಳೆಯ ರಗ್ಬಿ ಯೂನಿಯನ್, ಮೊದಲ ಮಹಾಯುದ್ಧದಲ್ಲಿ ಸೈನಿಕರಾದ ಲೀಗ್ ಆಟಗಾರರಿಗೆ ಸೇನಾ ತಂಡಗಳಲ್ಲಿ ಆಡಲು ಬಿಟ್ಟಿತು. ವ್ಯಾಗ್‌ಸ್ಟಾಫ್ ಕೂಡ ಆಡಿದರು. ಯುದ್ಧ ಮುಗಿಯಿತು, ಬಾಗಿಲು ಮತ್ತೆ ಮುಚ್ಚಿತು. ಬೇಕಾದಾಗ ಸಡಿಲವಾಗಿ, ಬೇಡವಾದಾಗ ಬಿಗಿಯಾಗುವುದನ್ನು ನಾನು ತತ್ವ ಎನ್ನಲಾರೆ.

ಹಣದಿಂದ ಆಟಕ್ಕೆ ಕೆಡುಕೇ ಇಲ್ಲ ಎಂದು ನನ್ನ ವಾದವಲ್ಲ. ದುರಾಸೆ ಎಲ್ಲಿ ಹೋದರೂ ಕೆಡಿಸುತ್ತದೆ. ಆದರೆ ಲಾಭ ಕೇಳುವುದು ಬೇರೆ, ನಷ್ಟ ತುಂಬಿಕೊಡಿ ಎಂದು ಕೇಳುವುದು ಬೇರೆ. ಆ ಕಾರ್ಮಿಕರು ಕೇಳಿದ್ದು ಎರಡನೆಯದನ್ನು.

ಗೆಳೆಯರೇ, ನಮ್ಮ ತರಗತಿಗಳಲ್ಲೇ ನೋಡಿ. ಸಂಜೆ ಅಂಗಡಿಯಲ್ಲಿ ಕೂರುವವರು, ಗ್ಯಾರೇಜಿಗೆ ಹೋಗುವವರು, ಟ್ಯೂಷನ್ ಹೇಳಿ ಫೀಸು ಹೊಂದಿಸುವವರು ಇದ್ದಾರೆ. ಸಂಜೆಯ ಅಭ್ಯಾಸಕ್ಕೆ ಬರದವರನ್ನು "ಆಸಕ್ತಿ ಇಲ್ಲ" ಎಂದು ತಂಡದಿಂದ ಬಿಟ್ಟುಬಿಡುತ್ತೇವೆ. ಅವರಿಗೆ ಇಲ್ಲದ್ದು ಆಸಕ್ತಿಯಲ್ಲ, ಸಂಜೆ.

ನನ್ನ ಸಲಹೆ ಸಣ್ಣದು. ವಾರದಲ್ಲಿ ಎರಡು ದಿನವಾದರೂ ಅಭ್ಯಾಸ ಬೆಳಿಗ್ಗೆ, ಮೊದಲ ಬೆಲ್‌ಗೆ ಮುಂಚೆ ನಡೆಯಲಿ. ಹೊರಗಿನ ಪಂದ್ಯಗಳಿಗೆ ಬಸ್ ಚಾರ್ಜು ಮತ್ತು ಮಧ್ಯಾಹ್ನದ ಊಟವನ್ನು ಕ್ರೀಡಾ ಶುಲ್ಕದಿಂದಲೇ ಕೊಡಲಿ. ವಿದ್ಯಾರ್ಥಿ ಸಂಘ ಇದನ್ನು ಮುಂದಿನ ಸಭೆಯಲ್ಲಿ ಚರ್ಚೆಗೆ ತರಬೇಕೆಂದು ವಿನಂತಿಸುತ್ತೇನೆ. ನಮ್ಮ ಕಾಲೇಜಿನ ಅತ್ಯುತ್ತಮ ಆಟಗಾರ ಈಗ ಯಾವ ಅಂಗಡಿಯ ಗಲ್ಲದಲ್ಲಿ ಕೂತಿದ್ದಾನೋ, ಯಾರಿಗೆ ಗೊತ್ತು?