ಹೂಜಿಯ ಭೂತಕ್ಕೆ ಜಾಗ ಕೊಡಿ

ಯಾರಾದರೂ ಸೀನಿದರೆ ಸಾಕು, ಹೂಜಿಯಿಂದ ಹೊರಬರುವ ಭೂತ ಹಕುಶೋನ್ ದೈಮಾಓ. 1969ರಿಂದ ಜಪಾನಿನ ಮಕ್ಕಳಿಗೆ ಪರಿಚಿತನಾದ ಈ ಟಟ್ಸುನೊಕೊ ಕಾರ್ಟೂನ್ ಪಾತ್ರ, 2008ರ ಡಿಸೆಂಬರ್‌ನಲ್ಲಿ ನಿಂಟೆಂಡೊ ವೀ ಯಂತ್ರಕ್ಕೆ ಬಂದ ‘ಟಟ್ಸುನೊಕೊ ವರ್ಸಸ್ ಕ್ಯಾಪ್ಕಾಮ್’ ಹೊಡೆದಾಟದ ಆಟದಲ್ಲೂ ಕಣಕ್ಕಿಳಿದ. 2010ರಲ್ಲಿ ಆಟ ಅಮೆರಿಕ, ಯುರೋಪುಗಳಿಗೆ ಹೋದಾಗ ಹೊಸದಾಗಿ ಐದು ಪಾತ್ರಗಳು ಸೇರಿದವು, ಭೂತವನ್ನು ಕೈಬಿಡಲಾಯಿತು. ಜಪಾನಿನ ಡಿಸ್ಕ್ ಅಮೆರಿಕದ ವೀಯಲ್ಲಿ ಓಡುವುದಿಲ್ಲ. ಆ ಯಂತ್ರದ ತಯಾರಿಕೆಯೇ ನಿಂತು ಹತ್ತು ವರ್ಷ ದಾಟಿದೆ. ಆಟ ಇವತ್ತಿಗೂ ಬೇರೆ ಯಾವ ಕನ್ಸೋಲಿಗೂ ಬಂದಿಲ್ಲ, ಡೌನ್‌ಲೋಡ್ ರೂಪದಲ್ಲೂ ಸಿಗುವುದಿಲ್ಲ.

ಭೂತದಂಥ ಪಾತ್ರಗಳು ಟಟ್ಸುನೊಕೊ ಸ್ಟುಡಿಯೊದವು, ಆಟ ಕ್ಯಾಪ್ಕಾಮ್ ಕಂಪನಿಯದು. ಒಡೆಯರು ಇಬ್ಬರಾದ ಹೊಲ ಬೀಳುಬಿದ್ದಂತೆ, ಪರವಾನಗಿ ಮುಗಿದ ಆಟ ಬೀಳುಬೀಳುತ್ತದೆ. ‘ಮಾರ್ವೆಲ್ ವರ್ಸಸ್ ಕ್ಯಾಪ್ಕಾಮ್ 2’ರ ಗತಿಯೂ ಇದೇ ಆಗಿತ್ತು. 2000ದಲ್ಲಿ ಬಂದ, 56 ಪಾತ್ರಗಳ ಆ ಆಟ ಹೊಡೆದಾಟದ ಆಟಗಳಿಗೆಂದೇ ಅಮೆರಿಕದಲ್ಲಿ ನಡೆಯುವ ಇವೋ ಪಂದ್ಯಾವಳಿಯಲ್ಲಿ ವರ್ಷಗಟ್ಟಲೆ ಮೆರೆದದ್ದು. 2013ರ ಡಿಸೆಂಬರ್‌ನಲ್ಲಿ ಪ್ಲೇಸ್ಟೇಷನ್, ಎಕ್ಸ್‌ಬಾಕ್ಸ್ ಆನ್‌ಲೈನ್ ಅಂಗಡಿಗಳಿಂದ ಅದನ್ನು ತೆಗೆದರು. ಹಳೆಯ ಡಿಸ್ಕುಗಳ ಬೆಲೆ ಗಗನಕ್ಕೇರಿತು. 2021ರಲ್ಲಿ ಅದನ್ನು ಮರಳಿ ತನ್ನಿ ಎಂದು ಅಭಿಮಾನಿಗಳು ದನಿ ಎತ್ತಿದರು. 2024ರ ಸೆಪ್ಟೆಂಬರ್‌ನಲ್ಲಿ ಇತರ ಆರು ಆಟಗಳ ಜೊತೆ ಅದು ಮರಳಿತು. ಸಂತೋಷವೇ. ಆದರೆ ಹನ್ನೊಂದು ವರ್ಷ ಕಾದು ಪಡೆದ ಈ ಭಾಗ್ಯ ಮಾಲೀಕರ ಕೃಪೆ. ಪೇಟೆಯಲ್ಲಿ ಅಷ್ಟು ಹೆಸರಿಲ್ಲದ ಟಟ್ಸುನೊಕೊ ಆಟಕ್ಕೆ ಆ ಕೃಪೆ ಇನ್ನೂ ಒದಗಿಲ್ಲ.

2010ಕ್ಕೆ ಮೊದಲು ಅಮೆರಿಕದಲ್ಲಿ ಬಂದ ಆಟಗಳಲ್ಲಿ ಶೇ. 87ರಷ್ಟು ಈಗ ಮಾರುಕಟ್ಟೆಯಲ್ಲಿಲ್ಲ ಎಂದು ವಿಡಿಯೊ ಗೇಮ್ ಹಿಸ್ಟರಿ ಫೌಂಡೇಷನ್ 2023ರಲ್ಲಿ ಲೆಕ್ಕ ಹಾಕಿ ತೋರಿಸಿತು. ಇಂಥ ಆಟಗಳನ್ನು ಸಂಶೋಧಕರಿಗೆ ಗ್ರಂಥಾಲಯದ ಹೊರಗಿನಿಂದಲೂ ಆಡಲು ಅವಕಾಶ ಬೇಕೆಂಬ ಕೋರಿಕೆಯನ್ನು ಅಲ್ಲಿನ ಹಕ್ಕುಸ್ವಾಮ್ಯ ಕಚೇರಿ 2024ರ ಅಕ್ಟೋಬರ್‌ನಲ್ಲಿ ತಳ್ಳಿಹಾಕಿತು. ಇದು ತಪ್ಪು ತೀರ್ಮಾನ. ಕಂಪನಿ ಮಾರುವುದಿಲ್ಲ, ಗ್ರಂಥಾಲಯ ಹೊರಗೆ ಕೊಡುವಂತಿಲ್ಲ ಎಂದಾದರೆ ದೂರದ ಸಂಶೋಧಕ ಎಲ್ಲಿಗೆ ಹೋಗಬೇಕು? ಜಪಾನಿನ ರಾಷ್ಟ್ರೀಯ ಡಯಟ್ ಗ್ರಂಥಾಲಯ 2000ದಿಂದ ಆಟದ ಡಿಸ್ಕುಗಳನ್ನೂ ಪುಸ್ತಕಗಳಂತೆ ಸಂಗ್ರಹಿಸುತ್ತಿದೆ. ಆ ದಾರಿ ಸರಿಯಾದದ್ದು. ಆದರೆ ಕಪಾಟಿನಲ್ಲಿ ಕೂತ ಡಿಸ್ಕ್ ಆಟವಾಗುವುದು ಯಾರಾದರೂ ಆಡಿದಾಗ. ಪಾತ್ರಗಳನ್ನು ಎರವಲು ಪಡೆಯುವ ಒಪ್ಪಂದದಲ್ಲೇ ಒಂದು ಸಾಲು ಸೇರಲಿ: ಮಾರಾಟದ ಅವಧಿ ಮುಗಿದ ಮೇಲೂ ಗ್ರಂಥಾಲಯಗಳು ಆಟವನ್ನು ಉಳಿಸಬಹುದು, ಆಡಿಸಬಹುದು. ಆ ಸಾಲಿನಿಂದ ಯಾವ ಕಂಪನಿಗೂ ನಷ್ಟವಿಲ್ಲ.

ಅಲ್ಲಿಯವರೆಗೆ ಹೊಣೆ ಡಿಸ್ಕ್ ಇಟ್ಟುಕೊಂಡವರದು. ನಿಮ್ಮ ಮನೆಯಲ್ಲಿ ಇಂಥದ್ದೊಂದು ಇದ್ದರೆ ಪೆಟ್ಟಿಗೆ, ಕೈಪಿಡಿ ಸಮೇತ ಬಿಸಿಲು, ತೇವ ತಾಗದಂತೆ ಜೋಪಾನ ಮಾಡಿ. ಹಳೆಯ ಯಂತ್ರವನ್ನೂ ಗುಜರಿಗೆ ಹಾಕಬೇಡಿ.